ನಿದ್ದೆಯಲ್ಲಿ ಕೇಳಿದ ಕೋಣೆ

"ಒಂಬತ್ತು," ಎಂದು ಮಮ್ಮಾಲಿ ಚಿತ್ರ ನೋಡುತ್ತ ಮೂರನೆಯ ಸಲ ಎಣಿಸಿ ಮುಗಿಸಿದ. "ಔಷಧಿ ಬಾಟಲಿ ಒಂಬತ್ತು. ಅಲ್ಲ ಪೊರ್ಬುಗಳೆ, ಎಂಟು ಹಾಕಿದ್ದರೆ ನಿನ್ನ ಗಂಟೇನು ಹೋಗ್ತಿತ್ತು?"

"ಒಂಬತ್ತೇ ಬಂತು. ಬಂದದ್ದನ್ನು ಹಾಕಿದೆ," ಎಂದ ಕೊನ್ರಾಡ್, ಗಂಜಿಯ ಬಟ್ಟಲಿನಿಂದ ತಲೆ ಎತ್ತದೆ.

"ಎಲ್ಲಿಂದ ಬಂತು?"

"ಅದನ್ನು ಕೇಳಬಾರದು ಮಾರಾಯ. ಕೇಳಿದರೆ ಮತ್ತೆ ಬರುವುದಿಲ್ಲ."

ಊರಿನಲ್ಲಿ ಕ್ರೈಸ್ತರನ್ನು ಕರೆಯುವ ಆ ‘ಪೊರ್ಬು’ವನ್ನು ಮಮ್ಮಾಲಿ ಕುವೈತಿಗೆ ಬಂದು ಇಪ್ಪತ್ತು ವರ್ಷವಾದರೂ ಬಿಟ್ಟಿರಲಿಲ್ಲ. ಖೈತಾನಿನಲ್ಲಿ ಅವನದು ಫೋಟೋಗಳಿಗೆ ಚೌಕಟ್ಟು ಕೂರಿಸುವ ಅಂಗಡಿ. ಊರಿನವರು ಕಳೆದುಕೊಂಡದ್ದನ್ನು ಹುಡುಕಿ ಕೊಡುವುದು ಸಂಬಳವಿಲ್ಲದ ಎರಡನೇ ಕೆಲಸ. ಆದರೆ ಈ ಸಲ ಹುಡುಕಬೇಕಾದದ್ದು ವಸ್ತುವನ್ನಲ್ಲ, ಒಬ್ಬ ಮನುಷ್ಯನ ತಲೆಯೊಳಗೆ ಒಂದು ಕೋಣೆ ಹೊಕ್ಕ ದಾರಿಯನ್ನು.

ಕೊನ್ರಾಡನಿಗೆ ವೀಸಾ ಕೊಟ್ಟು ಕೆಲಸಕ್ಕಿಟ್ಟ ಯಜಮಾನ, ಕಫೀಲ್ ಅಬು ಬದರ್‌ನ ತಾಯಿಯ ಮಂಚದ ಕೆಳಗಿನ ಪೆಟ್ಟಿಗೆ ಕಾಣೆಯಾಗಿತ್ತು. ಆ ಮನೆಯ ಹೊಸ್ತಿಲನ್ನೇ ತುಳಿಯದ ಕೊನ್ರಾಡ್ ಅದನ್ನು ಕಟ್ಟಿದ್ದ ಬಟ್ಟೆಯ ಮೂರು ಗಂಟುಗಳ ಸಮೇತ ಚಿತ್ರವಾಗಿ ಬರೆದು, ಕಳೆದ ಶುಕ್ರವಾರ ಊರಿನವರ ಪ್ರದರ್ಶನದಲ್ಲಿ ತೂಗುಹಾಕಿದ್ದ. ದೀಪ ಬೆಳಗಲು ಬಂದ ಮುಖ್ಯ ಅತಿಥಿ ಬೇರೆ ಯಾರೂ ಅಲ್ಲ, ಅದೇ ಅಬು ಬದರ್.

ಇವತ್ತು ಗುರುವಾರ. ಇಳಿಹೊತ್ತಿನ ಅಸರ್ ನಮಾಜು ಮುಗಿಸಿ ಅಬು ಬದರ್ ಕೊನ್ರಾಡನ ಈ ಮನೆಗೇ ಬರುತ್ತೇನೆಂದು ಹೇಳಿಕಳಿಸಿದ್ದ. ಅಷ್ಟರಲ್ಲಿ ಪೆಟ್ಟಿಗೆ ಸಿಗಬೇಕು, ಇಲ್ಲವೇ ಕೊನ್ರಾಡ್ ಅದನ್ನು ಹೇಗೆ ಕಂಡನೆಂದು ಗೊತ್ತಾಗಬೇಕು. ಎರಡೂ ಆಗದಿದ್ದರೆ ಪೊಲೀಸ್ ಠಾಣೆ, ಇಲ್ಲಿ ಇರಲು ಬೇಕಾದ ಇಕಾಮಾ ರದ್ದು. ಅರ್ದಿಯಾದ ಬೋರ್ಡ್ ಬರೆಯುವ ಕಾರ್ಖಾನೆಯಲ್ಲಿ ಹದಿನಾಲ್ಕು ವರ್ಷ ಅರಬಿ ಅಕ್ಷರಕ್ಕೆ ಬಣ್ಣ ತುಂಬಿದವನು ಕಳ್ಳನ ಹೆಸರು ಹೊತ್ತು ವಿಮಾನ ಹತ್ತಬೇಕು. ಹೆಂಡತಿ ಮಗ್ದಲೀನ್ ಇಲ್ಲಿ, ಅವನು ಅಲ್ಲಿ.

ಗೋಡೆಯ ಗಡಿಯಾರದಲ್ಲಿ ಒಂದೂವರೆ.

ಮಮ್ಮಾಲಿ ಚಿತ್ರದ ಮುಂದೆ ಮೊಣಕಾಲೂರಿ ಕೂತ. ಒಂದು ಕೋಣೆ. ನಡುವೆ ಮಂಚ, ಮಂಚ ಮಂಚವಾಗಿರದೆ ಹಾಯಿ ಬಿಚ್ಚಿ ಸಮುದ್ರದ ಮೇಲೆ ಹೊರಟಿದೆ. ಬಾಟಲಿಗಳು ಒಂಬತ್ತು ಚಂದ್ರರಂತೆ ಸುತ್ತ ತೇಲುತ್ತಿವೆ. ಎಡಗಡೆ ಊರುಗೋಲು, ಅದಕ್ಕೆ ಎಲೆ ಚಿಗುರಿದೆ. ಕಿಟಕಿಯ ಮರದ ಪಟ್ಟಿಯೊಂದು ಮುರಿದಿದೆ, ಆ ಸಂದಿಯಿಂದ ಒಂದು ಕಿವಿ ಇಣುಕುತ್ತಿದೆ. ಮಂಚದ ಕೆಳಗೆ, ನೀರಿನಡಿ, ಪೆಟ್ಟಿಗೆ.

ಮಂಗಳವಾರ ಅವನು ಅಬು ಬದರ್‌ನ ಮನೆಗೆ ಹೋಗಿ ಆ ಕೋಣೆಯನ್ನು ಟೇಪು ಹಿಡಿದು ಅಳೆದು ಬಂದಿದ್ದ. ಬಾಟಲಿ ಒಂಬತ್ತು, ಸರಿ. ಕೋಲು ಎಡಕ್ಕೆ, ಸರಿ. ಕಿಟಕಿಯ ಪಟ್ಟಿ ಕೆಳಗಿನಿಂದ ನಾಲ್ಕನೆಯದು ಮುರಿದದ್ದು, ಅದೂ ಸರಿ.

"ಬಣ್ಣ ಮಾತ್ರ ಒಂದೂ ಸರಿ ಇಲ್ಲ," ಎಂದ ಮಮ್ಮಾಲಿ. "ಅಲ್ಲಿಯ ಗೋಡೆ ಹಳದಿ, ನಿನ್ನದು ನೇರಳೆ. ಪೆಟ್ಟಿಗೆ ಖರ್ಜೂರದ ಬಣ್ಣದ್ದಂತೆ, ನಿನ್ನದು ಹಸಿರು. ಕಟ್ಟಿದ ಬಟ್ಟೆ ಕೆಂಪು, ನೀನು ನೀಲಿ ಮಾಡಿದ್ದಿ."

"ಬಣ್ಣ ನಾನು ಕೊಟ್ಟದ್ದು," ಎಂದ ಕೊನ್ರಾಡ್ ಕೈ ತೊಳೆಯುತ್ತ. "ಉಳಿದದ್ದು ಬಂದದ್ದು."

ಮಮ್ಮಾಲಿಯ ಕೈಯಲ್ಲಿದ್ದ ಭೂತಗನ್ನಡಿ ಅಲ್ಲೇ ನಿಂತಿತು. ಹದಿನಾಲ್ಕು ವರ್ಷ ಬಣ್ಣದಲ್ಲೇ ಅನ್ನ ತಿಂದವನು ಇವನು. ಮೀನು ಮಾರ್ಕೆಟಿನಲ್ಲಿ ಒಮ್ಮೆ ಕಂಡ ಪಾರಿವಾಳದ ಕುತ್ತಿಗೆಯ ಬಣ್ಣವನ್ನು ಮೂರು ತಿಂಗಳಾದ ಮೇಲೆ ಕಲಸಿ ತೋರಿಸಿದವನು. ಕಣ್ಣಿಂದ ಕಂಡ ಕೋಣೆಯಾಗಿದ್ದರೆ ಎಣಿಕೆ ತಪ್ಪುತ್ತಿದ್ದ, ಬಣ್ಣ ತಪ್ಪುತ್ತಿರಲಿಲ್ಲ.

ಹಾಗಾದರೆ ಇದು ಕಂಡದ್ದಲ್ಲ, ಯಾರೋ ಹೇಳಿದ್ದು. ಹೇಳಿದವರೂ ಎಂಥವರು? ಬಾಟಲಿ ಎಷ್ಟು, ಗಂಟು ಎಷ್ಟು, ಕೋಲು ಯಾವ ಬದಿಗೆ ಎಂಬುದೆಲ್ಲ ಗೊತ್ತಿದ್ದೂ ಯಾವುದು ಯಾವ ಬಣ್ಣದ್ದೆಂದು ಹೇಳದವರು. ಬೆರಳಿನಲ್ಲಿ ಎಣಿಸುವವರು.

ಮಂಗಳವಾರ ಆ ಕೋಣೆಯ ಮೂಲೆಯಲ್ಲಿ ಅಬು ಬದರ್‌ನ ತಾಯಿ ಜಪಮಣಿ ತಿರುಗಿಸುತ್ತ ಕೂತಿದ್ದಳು. ಮುಖವನ್ನು ಬಾಗಿಲ ಕಡೆಗಲ್ಲ, ಸಪ್ಪಳದ ಕಡೆಗೆ ತಿರುಗಿಸುತ್ತಿದ್ದಳು. ಮುದುಕಿಗೆ ಕಣ್ಣು ಹೋಗಿ ಆರು ವರ್ಷ; ಜನವರಿಯಲ್ಲಿ ಬಿದ್ದು ಆಸ್ಪತ್ರೆಯಲ್ಲಿದ್ದು ಬಂದವಳು. ಮಗನ ಒಂದು ಪ್ರಶ್ನೆಗೂ ಬಾಯಿ ಬಿಟ್ಟಿರಲಿಲ್ಲ.

"ನಿನಗೆ ಈ ಕೋಣೆಯ ವಿಷಯ ಯಾರು ಹೇಳಿದ್ದು ಕೊನ್ರಾಡ್?"

"ಯಾರೂ ಇಲ್ಲ. ಏಸುವಿನ ಆಣೆ." ಅವನ ಮುಖ ಸಪ್ಪೆಯಾಯಿತು. "ನೀನೂ ನಂಬುವುದಿಲ್ಲವಾ? ಊಟ ಮಾಡ್ತೇನೆ, ಒಂದು ಗಳಿಗೆ ಮಲಗ್ತೇನೆ, ಏಳುವಾಗ ಚಿತ್ರ ಎದುರಿಗೆ ಉಂಟು. ಹನ್ನೊಂದು ವರ್ಷದಿಂದ ಹೀಗೆಯೇ. ಅದೊಂದೇ ಮಾರಾಯ ನನ್ನದು ಅಂತ ಇರುವುದು. ಹಗಲಿಡೀ ಅಂಗಡಿ, ಕಾರು, ಟೈರು ಅಂತ ಬೇರೆಯವರ ಹೆಸರು ಬರೆಯುವವನು ನಾನು."

ಆ ಮಾತು ಮಮ್ಮಾಲಿಗೆ ನಾಟಿತು. ಈ ಪೊರ್ಬುವಿನ ಮೇಲೆ ಅವನಿಗೆ ತಮ್ಮನ ಮೇಲಿರುವಷ್ಟೇ ಪ್ರೀತಿ; ಅದಕ್ಕಾಗಿಯೇ ಆರು ದಿನದಿಂದ ಮಮ್ಮಾಲಿಗೆ ನಿದ್ದೆಯಿಲ್ಲ.

"ಸರಿ, ಮಲಗು," ಎಂದ. "ಇವತ್ತೂ ಮಲಗು."

"ಈಗಲಾ? ಇನ್ನೆರಡು ಗಂಟೆಯಲ್ಲಿ ನನ್ನನ್ನು ಕರ್ಕೊಂಡು ಹೋಗ್ತಾರೆ."

"ಹೋಗುವವನಿಗೆ ನಿದ್ದೆಯಾದರೂ ಆಗಲಿ. ಮಲಗು ಅಂದ್ರೆ ಮಲಗು."

ಬಾಲ್ಕನಿಗೆ ಪ್ಲೈವುಡ್ ಹೊಡೆದು ಮಾಡಿಕೊಂಡ ಗೂಡೇ ಕೊನ್ರಾಡನ ಚಿತ್ರಶಾಲೆ. ಅಲ್ಲೊಂದು ಹಳೆಯ ಒರಗುಕುರ್ಚಿ. ಅವನು ಅದರಲ್ಲಿ ಕಾಲು ಚಾಚಿ, ಒದ್ದೆ ಟವೆಲನ್ನು ಕಣ್ಣಿಗೆ ಹಾಕಿ, ಎಡಗೈಗೆ ಎಟಕುವಂತೆ ಇದ್ದಿಲ ಕಡ್ಡಿ ಇಟ್ಟುಕೊಂಡ. ಎದ್ದಮೇಲೆ ಮುಖ ತೊಳೆಯುವ ಹಾಗಿಲ್ಲ, ನೀರು ಕುಡಿಯುವ ಹಾಗಿಲ್ಲ. ಕಡ್ಡಿ ಕೆಳಗಿಡುವ ತನಕ ಯಾರೂ ಮಾತಾಡಿಸುವ ಹಾಗಿಲ್ಲ. ಮಾತಾಡಿಸಿದರೆ ಎಲ್ಲ ಹಾರಿಹೋಗುತ್ತದಂತೆ. ಎಡಗೈಯಲ್ಲೇ ಯಾಕೆಂದರೆ, ಬಲಗೈಗೆ ಕಾರ್ಖಾನೆಯ ಅಭ್ಯಾಸ ಹತ್ತಿ ಬುದ್ಧಿ ಬಂದುಬಿಟ್ಟಿದೆ ಎನ್ನುತ್ತಿದ್ದ. ಚಿಂತೆ ಎಷ್ಟಿದ್ದರೇನು, ಐದು ನಿಮಿಷದಲ್ಲಿ ಗೊರಕೆ ಶುರುವಾಯಿತು.

ಮಮ್ಮಾಲಿ ನೆಲ ನೋಡಿದ. ಚೌಕಟ್ಟಿನ ಕೆಲಸದವನ ಕಣ್ಣು, ಮೂಲೆ ಮೂಲೆ ನೋಡುವುದು ಅಭ್ಯಾಸ. ಕುರ್ಚಿಯ ತಲೆಯ ಬದಿಗೆ, ನೆಲದ ಪ್ಲಾಸ್ಟಿಕ್ ಹಾಸಿನಲ್ಲಿ ನಾಲ್ಕು ಗುಳಿ ಬಿದ್ದಿದ್ದವು. ಒಂದು ಸ್ಟೂಲಿನ ನಾಲ್ಕು ಕಾಲು. ಒಂದೆರಡು ದಿನ ಕೂತರೆ ಬೀಳುವ ಗುಳಿಯಲ್ಲ ಅದು.

ಸ್ಟೂಲು ಅಡುಗೆಮನೆಯಲ್ಲಿತ್ತು. ಮಗ್ದಲೀನ್ ಅದರ ಮೇಲೆ ಕೂತು, ಇಳಿಸಿದ ಸಾರನ್ನೇ ಮತ್ತೆ ಕಲಕುತ್ತಿದ್ದಳು. ಅವಳು ಸರ್ಕಾರಿ ಆಸ್ಪತ್ರೆಯೊಂದರ ಮೂಳೆ ವಾರ್ಡಿನ ನರ್ಸ್. ಇವತ್ತು ರಜೆ ಹಾಕಿದ್ದಳು.

"ಬಾಯಮ್ಮ, ಸ್ವಲ್ಪ ಆ ಸ್ಟೂಲು ಕೊಡ್ತೀರಾ?"

ಅವಳು ಎದ್ದು ಕೊಟ್ಟಳು. ಯಾಕೆಂದು ಕೇಳಲಿಲ್ಲ. ಅದನ್ನೂ ಮಮ್ಮಾಲಿ ಗಮನಿಸಿದ.

ಸ್ಟೂಲು ಆ ಗುಳಿಗಳಲ್ಲಿ ಸರಿಯಾಗಿ ಕೂತಿತು. ಮಮ್ಮಾಲಿ ಅದರ ಮೇಲೆ ಕೂತು ಕೊನ್ರಾಡನ ಕಿವಿಯ ಹತ್ತಿರ ಬಗ್ಗಿದ. ಇಬ್ಬರಿಗೂ ಬರುವ ತುಳುವಿನಲ್ಲಿ ಮೆಲ್ಲಗೆ ಮಾತಾಡತೊಡಗಿದ.

ಏನು ಹೇಳುವುದು? ಇವನಿಗೆ ಗೊತ್ತಿರಲೇಬಾರದ ಸಂಗತಿಯಾಗಬೇಕು. ಹೆಂಡತಿ ಜೈನಬಾಗೂ ಹೇಳದ ಒಂದು ನೆನಪನ್ನು ತೆಗೆದ. ಅವನ ಅಪ್ಪನಿಗೆ ಒಂದು ದೋಣಿಯಿತ್ತು. ಅದರ ಮೂತಿಯ ಮೇಲೆ ಒಂದು ಕುಂಟು ಕೋಳಿ ಬಂದು ಕೂರುತ್ತಿತ್ತು. ಹಬ್ಬಕ್ಕೂ ಅಪ್ಪ ಅದನ್ನು ಕೊಯ್ಯಲು ಬಿಡಲಿಲ್ಲ. ಅಟ್ಟದಲ್ಲಿ ಐದು ಕೊಡೆ ತೂಗುತ್ತಿದ್ದವು. ಐದೂ ತೂತು, ಐದನ್ನೂ ಎಸೆಯಲು ಬಿಡಲಿಲ್ಲ. ಹೇಳುತ್ತ ಹೇಳುತ್ತ ಮಮ್ಮಾಲಿಯ ದನಿ ಒದ್ದೆಯಾಯಿತು. ಗೊರಕೆ ಹೊಡೆಯುವವನ ಮುಂದೆ ಮನಸ್ಸು ಬಿಚ್ಚುವುದು ಇಷ್ಟು ಹಗುರವೆಂದು ಅವನಿಗೆ ಗೊತ್ತಿರಲಿಲ್ಲ.

ಎರಡೂವರೆಗೆ ಕೊನ್ರಾಡ್ ಟವೆಲು ಕಿತ್ತೆಸೆದ. ಕಣ್ಣು ಅರ್ಧ ಮುಚ್ಚಿಯೇ ಇತ್ತು. ಎಡಗೈ ತಡಕಾಡಿ ಕಡ್ಡಿ ಹಿಡಿಯಿತು. ಸ್ಟ್ಯಾಂಡಿನ ಮೇಲಿದ್ದ ದಪ್ಪ ಕಾಗದದ ಮೇಲೆ ಗೀರು ಬೀಳತೊಡಗಿತು, ತಡೆಯಿಲ್ಲದೆ, ಯಾರೋ ಮೊದಲೇ ಬರೆದಿಟ್ಟದ್ದನ್ನು ತಿದ್ದುವವನಂತೆ.

ಮಮ್ಮಾಲಿ ಸ್ಟೂಲು ಬಿಟ್ಟು ಹಿಂದೆ ಸರಿದ. ಬಾಗಿಲಲ್ಲಿ ಮಗ್ದಲೀನ್ ಸೆರಗಿನಂತೆ ಟವೆಲು ಹೊದ್ದು ನಿಂತಿದ್ದಳು.

ಆಕಾಶದಲ್ಲಿ ಒಂದು ದೋಣಿ ಬುಡಮೇಲಾಗಿತ್ತು. ಅದರಿಂದ ಕೊಡೆಗಳು ಮಳೆಯಾಗಿ ಸುರಿಯುತ್ತಿದ್ದವು. ಒಂದು, ಎರಡು, ಮೂರು, ನಾಲ್ಕು, ಐದು. ಕೆಳಗೆ ಒಂದು ಕೋಳಿ ತಲೆಯೆತ್ತಿ ನಿಂತಿತ್ತು. ಅದರ ಕುಂಟು ಕಾಲಿನ ಜಾಗದಲ್ಲಿ ಕೊನ್ರಾಡ್ ಒಂದು ಹುಟ್ಟು ಇಟ್ಟಿದ್ದ, ದೋಣಿಯ ಹುಟ್ಟು.

ಕಡ್ಡಿ ಕೆಳಗೆ ಬಿತ್ತು. ಕೊನ್ರಾಡ್ ಮಗುವಿನಂತೆ ನಕ್ಕ. "ನೋಡು ಮಮ್ಮಾಲಿ. ಕೋಳಿ, ಕೊಡೆ. ಇದನ್ನೆಲ್ಲ ನಾನು ಎಲ್ಲಿಂದ ಕದಿಯಲಿ? ಎಲ್ಲಿಂದಲೋ ಬರ್ತದೆ."

"ನನ್ನ ಬಾಯಿಂದ ಬಂತು," ಎಂದ ಮಮ್ಮಾಲಿ. ಎಲ್ಲವನ್ನೂ ಹೇಳಿದ. ಅಪ್ಪನ ದೋಣಿ, ಐದು ಕೊಡೆ, ಕುಂಟು ಕೋಳಿ. "ನೀನು ಮಲಗಿದಾಗ ನಿನ್ನ ಕಿವಿ ಮಲಗುವುದಿಲ್ಲ ಕೊನ್ರಾಡ್. ನಿನಗೆ ಬರುವುದು ಎಲ್ಲಿಂದಲೋ ಅಲ್ಲ, ಈ ಸ್ಟೂಲಿನಿಂದ. ಅಬು ಬದರ್‌ಗೆ ತೋರಿಸಲಿಕ್ಕೆ ಈ ಕಾಗದ ಒಂದು ಸಾಕು. ಅವನೇ ಕೂತು ಕಿವಿಯಲ್ಲಿ ಏನಾದರೂ ಹೇಳಿ ನೋಡಲಿ. ನೀನು ಬಚಾವು."

ಆದರೆ ಅದು ಬಚಾವಾದವನ ಮುಖವಾಗಿರಲಿಲ್ಲ. ಕೊನ್ರಾಡ್ ಗೋಡೆಗೆ ಒರಗಿಸಿಟ್ಟ ಹಳೆಯ ಚಿತ್ರಗಳನ್ನು ಒಂದೊಂದಾಗಿ ನೋಡಿದ. ಗಾಲಿಯ ಮೇಲೆ ಓಡುವ ಚರ್ಚು. ಪ್ಲಾಸ್ಟರ್ ಹಾಕಿಸಿಕೊಂಡ ಖರ್ಜೂರದ ಮರ. ಕಿಟಕಿಯಲ್ಲಿ ಸಾಲಾಗಿ ಕೂತು ಹಾಲು ಕುಡಿಯುವ ಮುದುಕರು. ಆಮೇಲೆ ಬಾಗಿಲ ಕಡೆ ತಿರುಗಿದ.

"ಮಗ್ಗಿ, ಇದೆಲ್ಲ ನಿನ್ನದಾ?"

"ಎಚ್ಚರ ಇರುವಾಗ ನೀವು ಎಲ್ಲಿ ಕೇಳ್ತೀರಿ?" ಎಂದಳು ಮಗ್ದಲೀನ್. "ಡ್ಯೂಟಿ ಮುಗಿಸಿ ಬಂದಾಗ ನೀವು ಮಲಗಿರ್ತೀರಿ. ಹೊಟ್ಟೆಯಲ್ಲಿರುವುದನ್ನು ಯಾರಿಗಾದರೂ ಹೇಳಬೇಕಲ್ಲ. ಬಟ್ಟೆ ಮಡಚುತ್ತ ಹೇಳ್ತಿದ್ದೆ. ಯಾರ ಕಾಲು ಮುರಿಯಿತು, ಯಾರ ಮಗ ನೋಡಲಿಕ್ಕೆ ಬರಲಿಲ್ಲ, ಅಂಥದ್ದು."

"ಹನ್ನೊಂದು ವರ್ಷ ನಾನು ನನ್ನ ಸಹಿ ಹಾಕಿದೆ."

"ನಿಮ್ಮದೇ ಹಾಕಬೇಕು. ನಾನು ಹೇಳಿದ್ದು ಮಂಚ ಅಂತ. ಅದನ್ನು ಸಮುದ್ರಕ್ಕೆ ಇಳಿಸಿದ್ದು ನೀವು." ಅವಳು ಅವನ ಕೆನ್ನೆಯ ಇದ್ದಿಲ ಮಸಿಯನ್ನು ಹೆಬ್ಬೆರಳಿನಿಂದ ಒರೆಸಿದಳು. "ಚಿತ್ರ ನೋಡಿ ನನಗೆ ಯಾವಾಗಲೂ ಸಂತೋಷ ಆಗ್ತಿತ್ತು. ಇವರು ನನ್ನ ಮಾತು ಕೇಳಿದ್ದಾರೆ ಅಂತ."

ಕೊನ್ರಾಡ್ ಅವಳ ಕೈಯನ್ನು ಕೆನ್ನೆಯಲ್ಲೇ ಒತ್ತಿ ಹಿಡಿದ. ಮಮ್ಮಾಲಿ ಕಿಟಕಿಯಿಲ್ಲದ ಪ್ಲೈವುಡ್ಡನ್ನು ಸ್ವಲ್ಪ ಹೊತ್ತು ನೋಡಿದ. ಆಮೇಲೆ, ಮನಸ್ಸಿಲ್ಲದ ಮನಸ್ಸಿನಿಂದ, ಕೇಳಲೇಬೇಕಾದದ್ದನ್ನು ಕೇಳಿದ.

"ಬಾಯಮ್ಮ, ಜನವರಿಯಲ್ಲಿ ನಿಮ್ಮ ವಾರ್ಡಿನಲ್ಲಿ ಕಣ್ಣು ಕಾಣದ ಒಬ್ಬ ಅಜ್ಜಿ ಇದ್ದರಾ?"

ಮಗ್ದಲೀನ್ ಗಂಡನ ಕೆನ್ನೆಯಿಂದ ಕೈ ತೆಗೆದಳು.

"ಇದ್ದರು. ಸೊಂಟದ ಮೂಳೆ. ಒಂದೂವರೆ ತಿಂಗಳು. ಮನೆ ಮನೆ ಅಂತ ಅಳ್ತಿದ್ದರು. ಸಮಾಧಾನ ಆಗಲಿ ಅಂತ, ನಿಮ್ಮ ಕೋಣೆ ಹೇಗುಂಟು ಹೇಳಿ ಅಂತ ನಾನೇ ಕೇಳ್ತಿದ್ದೆ. ದಿನಾ ಬೆರಳು ಮಡಚಿ ಮಡಚಿ ಹೇಳ್ತಿದ್ದರು. ಅಬು ಬದರ್‌ನ ತಾಯಿ ಅಂತ ಗೊತ್ತಾದದ್ದು ಡಿಸ್ಚಾರ್ಜ್ ದಿನ."

"ಹಾಗಾದರೆ ಮುಗಿಯಿತು," ಎಂದ ಕೊನ್ರಾಡ್, ಹಗುರಾಗಿ. "ಅದನ್ನೇ ಹೇಳುವ. ಇದರಲ್ಲಿ ತಪ್ಪು ಎಂತ ಉಂಟು?"

"ಮುಗಿಯಲಿಲ್ಲ." ಮಮ್ಮಾಲಿಯ ಕಣ್ಣು ಅವಳ ಮುಖದಿಂದ ಕದಲಲಿಲ್ಲ. "ಶುಕ್ರವಾರದಿಂದ ನಿಮ್ಮ ಗಂಡನ ಕುತ್ತಿಗೆಗೆ ಹಗ್ಗ ಬಿಗಿಯುತ್ತಾ ಉಂಟು. ಈ ಒಂದು ಮಾತು ನೀವು ಶುಕ್ರವಾರವೇ ಹೇಳಬಹುದಿತ್ತು ಬಾಯಮ್ಮ. ಯಾಕೆ ಹೇಳಲಿಲ್ಲ?"

ಮಗ್ದಲೀನ್ ಸ್ಟೂಲಿನ ಮೇಲೆ ಕೂತಳು. ಹೊರಗೆ ಬೀದಿಯಲ್ಲಿ ಗ್ಯಾಸ್ ಸಿಲಿಂಡರಿನ ಗಾಡಿಯವನು ಕಬ್ಬಿಣ ಬಡಿಯುತ್ತ ಹೋದ.

"ಪೆಟ್ಟಿಗೆ ನನ್ನ ಹತ್ತಿರ ಉಂಟು," ಎಂದಳು.

ಕೊನ್ರಾಡ್ ಅವಳ ಕಡೆ ತಿರುಗಿದ.

"ನಾನು ತೆಗೆದದ್ದಲ್ಲ. ಮೂರು ವಾರದ ಹಿಂದೆ ಚೆಕಪ್ಪಿಗೆ ಗಾಲಿ ಕುರ್ಚಿಯಲ್ಲಿ ಬಂದಿದ್ದರು. ಮಡಿಲಲ್ಲಿ ಬುರ್ಖಾದ ಅಡಿಯಲ್ಲಿ ಇಟ್ಟುಕೊಂಡು ಬಂದು ನನ್ನ ಕೈಗೆ ಕೊಟ್ಟರು. ನಾನು ಕೇಳುವ ತನಕ ಇಟ್ಟುಕೋ, ನನ್ನ ಮಗನಿಗೆ ಮಾತ್ರ ಗೊತ್ತಾಗಬಾರದು ಅಂತ. ನನ್ನ ಕುತ್ತಿಗೆಯ ಶಿಲುಬೆ ಹುಡುಕಿ ಅದರ ಮೇಲೆ ನನ್ನ ಕೈ ಇಡಿಸಿದರು." ಅವಳು ಶಿಲುಬೆಯನ್ನು ಮುಷ್ಟಿಯಲ್ಲಿ ಹಿಡಿದಳು. "ಹೇಳಲಿಕ್ಕೆ ಅವರ ಅಪ್ಪಣೆ ಕೇಳುವ ಅಂತ ಮೂರು ಸಲ ಆ ಮನೆಗೆ ಫೋನ್ ಮಾಡಿದೆ. ಮೂರು ಸಲವೂ ಸೊಸೆ ತೆಗೆದರು. ಮಮ್ಮಾಲಿ ಸಾಹೇಬರು ಹೇಗಾದರೂ ಬಿಡಿಸ್ತಾರೆ, ನಾನು ಮಾತು ಮುರಿಯುವುದು ಬೇಡ ಅಂತ ದೇವರಲ್ಲಿ ಬೇಡಿಕೊಂಡೆ."

"ಒಳಗೆ ಎಂತ ಉಂಟು?"

"ಗೊತ್ತಿಲ್ಲ. ಮೂರು ಗಂಟು ಹಾಗೇ ಉಂಟು. ನಾನು ಬಿಚ್ಚಲಿಲ್ಲ."

ಮುತ್ತು ಎಂದು ಆ ಮನೆಯ ಸೊಸೆ, ಆಳುಕಾಳು ಎಲ್ಲ ಹೇಳುತ್ತಿದ್ದರು. ಮುದುಕಿಯ ಗಂಡನ ಮನೆಯವರು ಹಿಂದೆ ಮುತ್ತಿಗಾಗಿ ಸಮುದ್ರಕ್ಕಿಳಿಯುತ್ತಿದ್ದವರು. ಮುದುಕಿ ಬಾಯಿ ಬಿಡದೆ ಹೋದರೆ, ಮುತ್ತಿನ ಪೆಟ್ಟಿಗೆ ಬಚ್ಚಿಟ್ಟ ನರ್ಸನ್ನು ಯಾರು ನಂಬುತ್ತಾರೆ? ಮಮ್ಮಾಲಿಗೆ ತಾನು ಮಾಡಿದ್ದು ಆಗ ತಿಳಿಯಿತು. ಗೆಳೆಯನನ್ನು ಬಿಡಿಸಲು ಹೋಗಿ ಅವನ ಹೆಂಡತಿಯನ್ನು ಹಿಡಿದುಕೊಟ್ಟಿದ್ದ.

ಮಸೀದಿಯಲ್ಲಿ ಅಸರ್ ಆಗಲೇ ಮುಗಿದಿತ್ತು. ಮೆಟ್ಟಿಲಲ್ಲಿ ಎರಡು ಜೋಡಿ ಕಾಲಿನ ಸದ್ದು ಕೇಳಿತು.

ಕೊನ್ರಾಡ್ ಒಂದು ಚಿಂದಿ ತೆಗೆದುಕೊಂಡು ಸ್ಟ್ಯಾಂಡಿನ ಹತ್ತಿರ ಹೋದ. ದೋಣಿ, ಕೊಡೆ, ಕೋಳಿ ಎಲ್ಲವನ್ನೂ ಉದ್ದಕ್ಕೆ ಒರೆಸಿದ. ಕಾಗದ ಪೂರ್ತಿ ಬೂದಿ ಬಣ್ಣಕ್ಕೆ ತಿರುಗಿತು.

"ಎಂತ ಮಾಡ್ತಿದ್ದೀ ಮಾರಾಯ," ಎಂದು ಮಮ್ಮಾಲಿ ಅವನ ತೋಳು ಹಿಡಿದ. "ನಿನ್ನ ಬಿಡುಗಡೆ ಅದು."

"ಇದನ್ನು ತೋರಿಸಿದರೆ ಹೇಳಿದ್ದು ಯಾರು ಅಂತ ಕೇಳ್ತಾರೆ. ಬೇಡ." ಕೊನ್ರಾಡ್ ತೋಳು ಬಿಡಿಸಿಕೊಂಡ. "ಮಗ್ಗಿ, ನೀನು ಒಂದು ಮಾತೂ ಆಡಬೇಡ. ಹನ್ನೊಂದು ವರ್ಷ ನೀನು ಹೇಳಿದ್ದು ಕೇಳಿದ್ದೇನೆ. ಒಂದು ಸಲ ನಾನು ಹೇಳಿದ್ದು ಕೇಳು."

ಅವಳು ಎದ್ದು ಅಡ್ಡ ಬರುವ ಮೊದಲೇ ಅವನು ಬಾಗಿಲು ತೆರೆದಿದ್ದ.

ಅಬು ಬದರ್ ಹೊಸ್ತಿಲಲ್ಲೇ ನಿಂತ. ಹಿಂದೆ ಒಬ್ಬ ಪೊಲೀಸಿನವನು. ಕಫೀಲನ ಮುಖದಲ್ಲಿ ಸಿಟ್ಟಿಗಿಂತ ಬೇಸರವೇ ಹೆಚ್ಚಿತ್ತು. ಹದಿನಾಲ್ಕು ವರ್ಷ ಈ ಕೆಲಸದವನ ಕೈಯ ಅಕ್ಷರಕ್ಕೆ ಮರುಳಾದವನು ಅವನು. ಕುವೈತಿನ ಯುದ್ಧ ಮುಗಿದ ಮೇಲೆ ಊರಿನಿಂದ ಮೊದಲು ಮತ್ತೆ ಕರೆಸಿಕೊಂಡದ್ದು ಇವನನ್ನೇ.

"ಹೇಳು ಕೊನ್ರಾಡ್," ಎಂದ, ಅರಬಿ ಮತ್ತು ಹಿಂದಿ ಬೆರೆತ ಕಾರ್ಖಾನೆಯ ಮಾತಿನಲ್ಲಿ.

"ನಾನೇ ತೆಗೆದದ್ದು ಬಾಬಾ."

ಹಿಂದಿನಿಂದ ಮಗ್ದಲೀನಳ ನರಳಿಕೆ ಕೇಳಿತು. ಅಬು ಬದರ್ ಅವಳ ಕಡೆ, ಮತ್ತೆ ಅವನ ಕಡೆ ನೋಡಿದ.

"ಸುಳ್ಳು," ಎಂದ. "ಯಾರನ್ನೋ ಉಳಿಸಲಿಕ್ಕೆ ಹೇಳ್ತಿದ್ದೀ. ನೀನೇ ತೆಗೆದದ್ದಾದರೆ ಒಳಗೆ ಏನಿತ್ತು ಹೇಳು. ತೆಗೆದವನಿಗೆ ಗೊತ್ತಿರಬೇಕಲ್ಲ?"

ಮಮ್ಮಾಲಿಗೆ ಎದೆಯ ಭಾರ ಇಳಿಯಿತು. ಕಫೀಲ್ ಬೇಕೆಂದೇ ತಪ್ಪಿಸಿಕೊಳ್ಳಲು ಒಂದು ದಾರಿ ಬಿಟ್ಟಿದ್ದ. ಕೊನ್ರಾಡ್ ತಪ್ಪು ಹೇಳಲಿ ಎಂದು ಕಾಯುತ್ತಿದ್ದ. ಒಳಗಿದ್ದದ್ದು ಮುತ್ತೇ ಆಗಿದ್ದರೆ ಈ ಪ್ರಶ್ನೆ ಕೇಳುತ್ತಿರಲಿಲ್ಲ. ಇವನು ತಪ್ಪಲ್ಲದೆ ಇನ್ನೇನು ಹೇಳುತ್ತಾನೆ? ಮುತ್ತು ಎನ್ನುತ್ತಾನೆ, ಎಲ್ಲರೂ ಅನ್ನುವಂತೆ.

ಕೊನ್ರಾಡ್ ಕಣ್ಣು ಮುಚ್ಚಿದ. ಎಡಗೈಯ ಬೆರಳುಗಳು ಕಡ್ಡಿ ಹಿಡಿದಂತೆ ಕೂಡಿದವು.

"ಮುತ್ತಲ್ಲ," ಎಂದ ನಿಧಾನವಾಗಿ. "ಒಂದು ಚಪ್ಪಲಿ. ಒಂದೇ ಕಾಲಿನದು. ಸಣ್ಣ ಮಗುವಿನದು. ಅದರೊಳಗೆ ಇನ್ನೂ ಮರಳು ಉಂಟು."

ಹುಚ್ಚಪ್ಪ, ಎಂದು ಮಮ್ಮಾಲಿ ಮನಸ್ಸಿನಲ್ಲೇ ಅವನನ್ನು ಮುದ್ದಿಸಿದ. ನಗು ತುಟಿಯ ತನಕ ಬಂದಿತ್ತು. ಅಷ್ಟರಲ್ಲಿ ಅಬು ಬದರ್ ಬಾಗಿಲ ಚೌಕಟ್ಟನ್ನು ಹಿಡಿದುಕೊಂಡದ್ದು ಕಂಡಿತು. ಅವನ ಮುಖದಲ್ಲಿ ರಕ್ತವಿರಲಿಲ್ಲ.

ಕೊನ್ರಾಡ್ ಕಣ್ಣು ತೆರೆದು ಆ ಮುಖ ನೋಡಿದ, ಬೆದರಿ ಹೆಂಡತಿಯ ಕಡೆ ತಿರುಗಿದ. "ನೀನು ಹೇಳಿದ್ದಾ?" ಎಂದು ಕೊಂಕಣಿಯಲ್ಲಿ ಕೇಳಿದ.

ಮಗ್ದಲೀನ್ ಇಲ್ಲವೆಂದು ತಲೆಯಾಡಿಸಿದಳು. ಆಡಿಸುತ್ತಲೇ ಇದ್ದಳು.

"ಒಳಗಿದ್ದದ್ದು ಅದೇ. ನನ್ನ ತಾಯಿಗೆ ಗೊತ್ತು, ನನಗೆ ಗೊತ್ತು," ಎಂದ ಅಬು ಬದರ್. ದನಿ ಅವನದೆಂದು ಅನಿಸಲಿಲ್ಲ. "ಗಂಟು ಬಿಚ್ಚದೆ ಮೂರನೆಯವರಿಗೆ ಗೊತ್ತಿರುವುದು ಸಾಧ್ಯವಿಲ್ಲ." ಅವನು ಪೊಲೀಸಿನವನ ಕಡೆ ತಿರುಗದೆಯೇ ಕೈ ಬೀಸಿದ. "ಖಲಾಸ್. ಕರೆದುಕೊಂಡು ಹೋಗಿ."